ತೆರೆಯದ ಲಿಂಕು: ಅದರ ನಿದಾನ ಮತ್ತು ಚಿಕಿತ್ಸೆ

ಗೃಹಸ್ಥರ ಮನೆಗೆ ಅಂಚೆಯ ಮೂಲಕ ಕಾಗದ ಬರುವುದು ಈಗ ಅಪರೂಪವಾಗಿದೆ. ಅದರ ಸ್ಥಾನದಲ್ಲಿ ಬರುತ್ತಲಿರುವುದು ಲಿಂಕು. ಮಗಳು ತನ್ನ ಮನೆಯ ಗೃಹಪ್ರವೇಶವನ್ನೂ, ಸೋದರಳಿಯನು ಕೂಸಿನ ನಾಮಕರಣವನ್ನೂ, ಶಾಲೆಯವರು ಮಕ್ಕಳ ಪಾಠವನ್ನೂ ಈ ರೂಪದಲ್ಲಿಯೇ ಕಳುಹಿಸುವರು. ನೀಲಿ ಬಣ್ಣದ ಒಂದೆರಡು ಸಾಲಿನ ಅಕ್ಷರಗಳು. ಅವುಗಳ ಮೇಲೆ ಬೆರಳಿಟ್ಟರೆ ಸಮುದ್ರದಾಚೆಯ ಮಂಟಪವು ನಮ್ಮ ಅಂಗೈಯಲ್ಲಿ ಮೂಡುವುದು. ಆದರೆ ಎಷ್ಟೋ ಸಾರಿ ಬೆರಳಿಟ್ಟರೂ ಬಾಗಿಲು ತೆರೆಯುವುದಿಲ್ಲ. ಆಗ ಮನೆಯ ಹಿರಿಯರು ಫೋನನ್ನು ಬಯ್ಯುವರು. ಕಿರಿಯರು ಹಿರಿಯರನ್ನು ನೋಡಿ ನಗುವರು. ರೋಗ ಯಾವುದೆಂದು ಯಾರೂ ವಿಚಾರಿಸುವುದಿಲ್ಲ.

ಇದು ಕ್ಷುಲ್ಲಕ ವಿಷಯವೆಂದು ನಾವೂ ಭಾವಿಸಿದ್ದೆವು. ಕಳೆದ ಬೇಸಗೆಯಲ್ಲಿ ರಾಜಾಜಿನಗರದ ನಮ್ಮ ಬೀದಿಯಲ್ಲಿಯೇ ನಡೆದ ಒಂದು ಸಂಗತಿಯು ನಮ್ಮ ಭಾವನೆಯನ್ನು ತಿದ್ದಿತು.

ನಮ್ಮ ನೆರೆಮನೆಯ ರಾಯರಿಗೆ ಎಪ್ಪತ್ತೆಂಟು ವರ್ಷ. ಅವರ ಒಬ್ಬಳೇ ಮಗಳು ಅಮೆರಿಕಾದ ಶಿಕಾಗೋ ನಗರದಲ್ಲಿದ್ದಾಳೆ. ಮೊಮ್ಮಗನ ಉಪನಯನಕ್ಕೆ ಹೋಗಲು ರಾಯರ ಮಂಡಿನೋವು ಅವಕಾಶ ಕೊಡಲಿಲ್ಲ. "ಅಪ್ಪಾ, ಲಿಂಕು ಕಳಿಸುತ್ತೇವೆ, ಅಲ್ಲಿಂದಲೇ ಆಶೀರ್ವಾದ ಮಾಡಿ" ಎಂದು ಮಗಳು ಹೇಳಿದ್ದಳು. ಅಲ್ಲಿಯ ಬೆಳಗಿನ ಒಂಬತ್ತು ಗಂಟೆಯೆಂದರೆ ಬೇಸಗೆಯಲ್ಲಿ ನಮಗೆ ಸಂಜೆ ಏಳೂವರೆ. ರಾಯರು ಆರು ಗಂಟೆಗೇ ಮಡಿಯುಟ್ಟು, ಫೋನನ್ನು ದೇವರ ಮಂಟಪದ ಮುಂದೆ ಮಣೆಯ ಮೇಲೆ ಒರಗಿಸಿ, ಮಂತ್ರಾಕ್ಷತೆಯನ್ನು ಕೈಯಲ್ಲಿ ಹಿಡಿದು ಕುಳಿತರು. ಮುಹೂರ್ತಕ್ಕೆ ಸರಿಯಾಗಿ ಲಿಂಕನ್ನು ಒತ್ತಿದರೆ ಕಪ್ಪು ಪರದೆಯ ಮೇಲೆ ಇಂಗ್ಲಿಷಿನ ಒಂದೇ ಸಾಲು: ಈ ವೀಡಿಯೋ ಪ್ರೈವೇಟ್ ಆಗಿದೆ ಎಂದು. ಅಕ್ಷತೆಯು ಕೈಯಲ್ಲಿಯೇ ಉಳಿಯಿತು.

ರಾಯರು ಇಂಗ್ಲಿಷನ್ನು ಬಲ್ಲವರು. "ಖಾಸಗಿ" ಎಂಬ ಮಾತಿಗೆ ಅವರು ಮಾಡಿಕೊಂಡ ಅರ್ಥ ಬೇರೆಯಾಯಿತು. ಇದು ಅಳಿಯನ ಕಡೆಯವರ ಖಾಸಗಿ ಸಮಾರಂಭ, ತಮಗೆ ಅಲ್ಲಿ ಪ್ರವೇಶವಿಲ್ಲ ಎಂದು ಅವರು ತಿಳಿದರು. ನಾಲ್ಕು ದಿನ ಮಗಳ ಕರೆಯನ್ನು ಅವರು ತೆಗೆಯಲಿಲ್ಲ. ಐದನೆಯ ದಿನ ನಮ್ಮ ಜಗುಲಿಗೆ ಬಂದು, "ಮೇಷ್ಟ್ರೇ, ಹೆಣ್ಣು ಕೊಟ್ಟವರು ದೂರದವರಾಗುವುದು ಇಷ್ಟು ಬೇಗವೇ?" ಎಂದು ಕೇಳಿದರು. ಫೋನನ್ನು ತೆಗೆದು ನೋಡಿದೆವು. ದೋಷವಿದ್ದದ್ದು ಅಳಿಯನ ಮನಸ್ಸಿನಲ್ಲಲ್ಲ. ಅವನು ಅವಸರದಲ್ಲಿ ಒತ್ತಿದ ಒಂದು ಗುಂಡಿಯಲ್ಲಿ.

ಆ ದಿನದಿಂದ ನಾವು ಈ ವಿಷಯವನ್ನು ಬಲ್ಲ ಕಿರಿಯರಿಂದ ಕೇಳಿ, ಸ್ವತಃ ಮಾಡಿ ನೋಡಿ, ಕ್ರಮಪಡಿಸಿಕೊಂಡೆವು. ವಾಚಕರ ಉಪಯೋಗಕ್ಕಾಗಿ ಅದನ್ನು ಇಲ್ಲಿ ನಿವೇದಿಸುತ್ತೇವೆ. ವೈದ್ಯರು ಚಿಕಿತ್ಸೆಗೆ ಮೊದಲು ನಿದಾನವನ್ನು ಮಾಡುವಂತೆ ಇಲ್ಲಿಯೂ ದೋಷದ ಸ್ಥಾನವನ್ನು ಮೊದಲು ಗೊತ್ತುಮಾಡತಕ್ಕದ್ದು. ಆ ಸ್ಥಾನಗಳು ಐದು: ವಿಳಾಸ, ದಾರಿ, ಬೀಗ, ಮನೆ, ಮತ್ತು ನಮ್ಮ ಕೈಯಲ್ಲಿರುವ ಯಂತ್ರ.

ಮೊದಲನೆಯದು ವಿಳಾಸ. ಲಿಂಕೆಂದರೆ ಒಂದು ವಿಳಾಸವಲ್ಲದೆ ಬೇರೆಯಲ್ಲ. ಯೂಟ್ಯೂಬಿನಲ್ಲಿರುವ ಪ್ರತಿಯೊಂದು ವೀಡಿಯೋಗೂ ಇಂಗ್ಲಿಷ್ ಅಕ್ಷರ, ಅಂಕಿ ಮೊದಲಾದವುಗಳಿಂದ ಕೂಡಿದ ಹನ್ನೊಂದು ಚಿಹ್ನೆಗಳ ಒಂದು ಗುರುತುಂಟು. ಇದರಲ್ಲಿ ದೊಡ್ಡಕ್ಷರ ಬೇರೆ, ಚಿಕ್ಕಕ್ಷರ ಬೇರೆ. ನಮ್ಮಲ್ಲಿ "ದಿನ" ಎಂಬುದಕ್ಕೂ "ದೀನ" ಎಂಬುದಕ್ಕೂ ಇರುವ ಭೇದದಂತೆ ಎಂದು ತಿಳಿಯಬಹುದು. ತ್ವಷ್ಟೃವು ಇಂದ್ರನನ್ನು ಕೊಲ್ಲುವ ಮಗನನ್ನು ಬಯಸಿ ಹೋಮಮಾಡಿದಾಗ ಒಂದು ಸ್ವರವು ತಪ್ಪಿದ್ದರಿಂದ ಇಂದ್ರನಿಂದ ಹತನಾಗುವ ಮಗನೇ ಹುಟ್ಟಿದನೆಂಬ ಕಥೆಯನ್ನು ವಾಚಕರು ಕೇಳಿರಬಹುದು. ಲಿಂಕಿನಲ್ಲಿ ಅಷ್ಟು ಘೋರವಾದ ಫಲವಿಲ್ಲದಿದ್ದರೂ ನಿಯಮವು ಅದೇ: ಒಂದು ಅಕ್ಷರವು ಲೋಪವಾದರೆ ವೀಡಿಯೋ ದೊರೆಯದು. ಆದ್ದರಿಂದ ಲಿಂಕನ್ನು ಕಾಗದದ ಮೇಲೆ ಬರೆದುಕೊಂಡು ಮತ್ತೆ ಅಚ್ಚೊತ್ತುವ ಸಾಹಸಕ್ಕೆ ಹೋಗಬಾರದು. ಅದರ ಮೇಲೆ ಬೆರಳನ್ನು ಒತ್ತಿ ಹಿಡಿದು, ಪೂರ್ತಿಯಾಗಿ ಕಾಪಿ ಮಾಡಿಕೊಳ್ಳಬೇಕು. ಕೆಲವೊಮ್ಮೆ ಉದ್ದವಾದ ಲಿಂಕು ಎರಡು ಸಾಲಾಗಿ ತುಂಡಾಗಿ, ಮೊದಲ ಸಾಲು ಮಾತ್ರ ನೀಲಿಯಾಗಿರುವುದು. ಕೆಲವೊಮ್ಮೆ ಕೊನೆಯಲ್ಲಿ ಪೂರ್ಣವಿರಾಮವೋ ಮುಂದಿನ ಕನ್ನಡ ಶಬ್ದವೋ ಅಂಟಿಕೊಂಡಿರುವುದು. ನೀಲಿ ಬಣ್ಣವು ಎಲ್ಲಿ ಆರಂಭವಾಗಿ ಎಲ್ಲಿ ಮುಗಿಯಿತೆಂದು ನೋಡಿದರೆ ಈ ದೋಷವು ಕೂಡಲೆ ತಿಳಿಯುವುದು.

ಎರಡನೆಯದು ದಾರಿ, ಎಂದರೆ ಇಂಟರ್‌ನೆಟ್ಟು. ಇದರ ಪರೀಕ್ಷೆ ಬಹು ಸುಲಭ. ಹಿಂದೆ ನೋಡದ ಬೇರೊಂದು ವೀಡಿಯೋವನ್ನು ತೆರೆದು ನೋಡಿರಿ. ಅದು ತೆರೆದರೆ ದಾರಿಯು ಸರಿಯಾಗಿದೆ, ದೋಷವನ್ನು ಬೇರೆಡೆ ಹುಡುಕಬೇಕು. ಅದೂ ತೆರೆಯದಿದ್ದರೆ ವೈಫೈಯನ್ನು ಆರಿಸಿ ಮೊಬೈಲ್ ಡೇಟಾದಲ್ಲಿಯೂ, ಡೇಟಾ ಇಲ್ಲದಿದ್ದರೆ ವೈಫೈಯಲ್ಲಿಯೂ ಪ್ರಯತ್ನಿಸಬೇಕು. ವಿಜಯನಗರದಂತಹ ಕಡೆ ಒತ್ತಾಗಿ ಕಟ್ಟಿದ ಮನೆಗಳ ಒಳಕೋಣೆಯಲ್ಲಿ ಸಿಕ್ಕದ ಸಂಪರ್ಕವು ಮಹಡಿಗೆ ಬಂದರೆ ಸಿಕ್ಕುವುದುಂಟು. ದಿನದ ಡೇಟಾ ಮುಗಿದಿದೆಯೇ ಎಂಬುದನ್ನೂ ನೋಡಬೇಕು. ಮುಗಿದ ಮೇಲೆ ಹಲವು ರೀಚಾರ್ಜುಗಳಲ್ಲಿ ಸಂಪರ್ಕವು ಪೂರ್ತಿ ನಿಲ್ಲದೆ ಅತಿ ನಿಧಾನವಾಗುವುದು. ಅಕ್ಷರದ ಸಂದೇಶವು ಬರುವುದು, ವೀಡಿಯೋ ಮಾತ್ರ ಸುತ್ತುತ್ತಲೇ ಇರುವುದು.

ಮೂರನೆಯದು ಬೀಗ. ನಮ್ಮ ರಾಯರ ಕಥೆ ಇದರದ್ದು. ಯೂಟ್ಯೂಬಿನಲ್ಲಿ ವೀಡಿಯೋವನ್ನು ಇಡುವವನ ಮುಂದೆ ಮೂರು ಆಯ್ಕೆಗಳಿರುವುವು. ಪಬ್ಲಿಕ್ ಎಂದರೆ ಯಾರಾದರೂ ಹುಡುಕಿ ನೋಡಬಹುದು. ಅನ್‌ಲಿಸ್ಟೆಡ್ ಎಂದರೆ ಹುಡುಕಿದವರಿಗೆ ಸಿಕ್ಕದು. ಆದರೆ ಲಿಂಕು ಉಳ್ಳವರೆಲ್ಲರೂ ನೋಡಬಹುದು. ಪ್ರೈವೇಟ್ ಎಂದರೆ ಇಟ್ಟವನು ಯಾರ ಯಾರ ಖಾತೆಯನ್ನು ಹೆಸರಿಸಿ ಕರೆದಿರುವನೋ ಅವರಿಗೆ ಮಾತ್ರ ಪ್ರವೇಶ. ಉಳಿದವರಿಗೆ ಲಿಂಕು ಇದ್ದರೂ ವ್ಯರ್ಥ. ಮನೆಯ ಸಮಾರಂಭವು ಊರಿಗೆಲ್ಲಾ ಕಾಣಬಾರದೆಂದು ಸದ್ಬುದ್ಧಿಯಿಂದಲೇ ಅಳಿಯನು ಪ್ರೈವೇಟನ್ನು ಆರಿಸಿದ್ದನು. ಅವನಿಗೆ ಬೇಕಾಗಿದ್ದದ್ದು ಅನ್‌ಲಿಸ್ಟೆಡ್. ಗೂಗಲ್ ಡ್ರೈವಿನಲ್ಲಿ ಇಟ್ಟ ವೀಡಿಯೋಗೂ ಇಂತಹ ಬೀಗವುಂಟು. ಅಲ್ಲಿ ಅನುಮತಿ ಬೇಡುವ ಗುಂಡಿಯು ಕಂಡರೆ ಅದನ್ನು ಒತ್ತಬಹುದು, ಇಲ್ಲವೇ ಕಳುಹಿಸಿದವರಿಗೆ ಒಂದು ಮಾತು ಹೇಳಬಹುದು. ಈ ಬೀಗವನ್ನು ತೆಗೆಯುವ ಶಕ್ತಿಯು ನೋಡುವವನಲ್ಲಿಲ್ಲ, ಕಳುಹಿಸಿದವನಲ್ಲಿದೆ. ಆದಕಾರಣ ಹತ್ತು ಸಾರಿ ಒತ್ತುವುದರಿಂದ ಫಲವಿಲ್ಲ. ಕೆಲವು ಚಲನಚಿತ್ರ, ಸಂಗೀತ ಮೊದಲಾದವುಗಳಿಗೆ ದೇಶದ ಬೀಗವೂ ಇರುವುದು. ಅಲ್ಲಿ ಕಾಣುವುದು ಇಲ್ಲಿ ಕಾಣದು, ಇಲ್ಲಿಯದು ಅಲ್ಲಿ ಕಾಣದು.

ನಾಲ್ಕನೆಯದು ಮನೆ. ವಿಳಾಸವು ಸರಿಯಾಗಿದ್ದರೂ ಮನೆಯೇ ಇಲ್ಲದಿರಬಹುದು. 2020ನೆಯ ಇಸವಿ ಜೂನ್ 29ರಂದು ಭಾರತ ಸರ್ಕಾರವು ಟಿಕ್‌ಟಾಕ್ ಸೇರಿದಂತೆ 59 ಆಪ್‌ಗಳನ್ನು ನಿಷೇಧಿಸಿತು. ಅದಕ್ಕೆ ಹಿಂದೆ ನಂಟರಿಷ್ಟರು ಪ್ರೀತಿಯಿಂದ ಕಳುಹಿಸಿದ್ದ ಟಿಕ್‌ಟಾಕ್ ಲಿಂಕುಗಳು ಒಮ್ಮೆಗೇ ನಿರರ್ಥಕವಾದುವು. ಫ್ಲಾಶ್ ಎಂಬ ಸಾಧನವನ್ನು ನೆಚ್ಚಿಕೊಂಡಿದ್ದ ಹಳೆಯ ವೀಡಿಯೋ ಪುಟಗಳ ಗತಿಯೂ ಅಂತೆಯೇ ಆಯಿತು. 2020ರ ಡಿಸೆಂಬರ್ 31ಕ್ಕೆ ಅದರ ಆಯುಸ್ಸು ಮುಗಿಯಿತು. ದೊಡ್ಡ ಸಂಸ್ಥೆಗಳೂ ಇದಕ್ಕೆ ಹೊರತಲ್ಲ. ನಮ್ಮ ಕರ್ನಾಟಕದ ಉಚ್ಚ ನ್ಯಾಯಾಲಯವು 2021ರ ಮೇ 31ರಂದು ಕಲಾಪಗಳ ನೇರ ಪ್ರಸಾರವನ್ನು ಪ್ರಾಯೋಗಿಕವಾಗಿ ಆರಂಭಿಸಿತ್ತು. 2023ರ ಡಿಸೆಂಬರಿನಲ್ಲಿ ದುಷ್ಟರು ವೀಡಿಯೋ ಕಲಾಪದೊಳಗೆ ನುಗ್ಗಿ ಅಸಭ್ಯ ಚಿತ್ರಗಳನ್ನು ತೋರಿಸಿದುದರಿಂದ ಕೆಲಕಾಲ ಆ ಏರ್ಪಾಡನ್ನೇ ನಿಲ್ಲಿಸಬೇಕಾಯಿತು. 2024ರ ಸೆಪ್ಟೆಂಬರ್ 20ರಂದು ಸರ್ವೋಚ್ಚ ನ್ಯಾಯಾಲಯದ ಯೂಟ್ಯೂಬ್ ಚಾನೆಲಿಗೇ ಕಳ್ಳರು ಕೈಹಾಕಿದಾಗ ಆ ಚಾನೆಲನ್ನು ತಾತ್ಕಾಲಿಕವಾಗಿ ಮುಚ್ಚಲಾಯಿತು. ಇಂತಹ ಸಮಯದಲ್ಲಿ ಲಿಂಕನ್ನು ಒತ್ತಿದವನು ತನ್ನ ಫೋನನ್ನು ರಿಪೇರಿಗೆ ಒಯ್ದರೆ ಏನು ಪ್ರಯೋಜನ? ಮತ್ತೊಂದು ಕಡೆ ನೋಡಿದರೆ, 2005ರ ಏಪ್ರಿಲ್ 23ರಂದು ಯೂಟ್ಯೂಬಿಗೆ ಏರಿಸಲ್ಪಟ್ಟ ಮೊಟ್ಟಮೊದಲ ವೀಡಿಯೋ, ಮೃಗಾಲಯದ ಆನೆಗಳ ಮುಂದೆ ನಿಂತ ಯುವಕನೊಬ್ಬನ 19 ಸೆಕೆಂಡುಗಳ ಚಿತ್ರ, ಇಂದಿಗೂ ತೆರೆಯುವುದು. ಲಿಂಕಿಗೆ ವಯಸ್ಸು ಮುಖ್ಯವಲ್ಲ. ಮನೆಯ ಯಜಮಾನನು ಬಾಗಿಲನ್ನು ತೆರೆದಿಟ್ಟಿರುವನೇ ಎಂಬುದು ಮುಖ್ಯ.

ಇದರಿಂದ ಒಂದು ಉಪದೇಶವು ಹೊರಡುವುದು. ಮನೆಯ ಅಮೂಲ್ಯ ವೀಡಿಯೋಗಳನ್ನು ಲಿಂಕಿನ ನಂಬುಗೆಯ ಮೇಲೆ ಮಾತ್ರ ಬಿಡಬಾರದು. ವಾಟ್ಸಾಪಿನಲ್ಲಿ ಬಂದ ವೀಡಿಯೋವನ್ನು ಆಗಲೇ ಇಳಿಸಿಕೊಳ್ಳದೆ ಬಹುದಿನ ಬಿಟ್ಟರೆ, ಕಳುಹಿಸಿದವರನ್ನು ಮತ್ತೆ ಕೇಳಿರೆಂಬ ಉತ್ತರವೇ ಬರುವುದು. ಬೇಕಾದುದನ್ನು ಇಳಿಸಿ, ಪೆನ್‌ಡ್ರೈವಿನಲ್ಲಿಯೋ ಕಂಪ್ಯೂಟರಿನಲ್ಲಿಯೋ ಇನ್ನೊಂದು ಪ್ರತಿಯನ್ನಿಡುವುದು ಗೃಹಸ್ಥಧರ್ಮ.

ಐದನೆಯದು ನಮ್ಮ ಯಂತ್ರ. ಇಲ್ಲಿ ಒಂದು ವಿಚಿತ್ರವಾದ ಕಾರಣವನ್ನು ಮೊದಲು ಹೇಳುವೆವು. ಫೋನಿನ ತಾರೀಖು ತಪ್ಪಿದ್ದರೆ ಅನೇಕ ಪುಟಗಳು ತೆರೆಯುವುದಿಲ್ಲ. ಪ್ರತಿಯೊಂದು ಭದ್ರವಾದ ಪುಟವೂ ತನ್ನ ಗುರುತಿನ ಪತ್ರವೊಂದನ್ನು ಫೋನಿಗೆ ತೋರಿಸುವುದು. ಆ ಪತ್ರಕ್ಕೆ ಇಂತಹ ದಿನದಿಂದ ಇಂತಹ ದಿನದವರೆಗೆ ಎಂಬ ಅವಧಿಯುಂಟು. ಫೋನಿನ ಪಂಚಾಂಗವು ಎರಡು ವರ್ಷ ಹಿಂದಿದ್ದರೆ ಆ ಪತ್ರವು ಇನ್ನೂ ಹುಟ್ಟಿಯೇ ಇಲ್ಲವೆಂದು ತಿಳಿದು ಅದು ಬಾಗಿಲು ಹಾಕಿಕೊಳ್ಳುವುದು. ಕೆಂಗೇರಿಯಲ್ಲಿರುವ ನಮ್ಮ ಬಂಧುಗಳೊಬ್ಬರು, ಬಹುಕಾಲ ಪೆಟ್ಟಿಗೆಯಲ್ಲಿದ್ದ ಹಳೆಯ ಫೋನಿನಲ್ಲಿ ಯಾವ ಲಿಂಕೂ ತೆರೆಯದೆಂದು ಹೊಸದನ್ನು ಕೊಳ್ಳಲು ಹೊರಟಿದ್ದರು. ಸೆಟ್ಟಿಂಗ್ಸಿನಲ್ಲಿ ತಾರೀಖನ್ನು ತಾನಾಗಿಯೇ ಸರಿಪಡಿಸಿಕೊಳ್ಳುವಂತೆ ಇಟ್ಟ ಕೂಡಲೆ ಎಲ್ಲವೂ ತೆರೆದುವು. ಅಷ್ಟು ಹಣವೂ ಉಳಿಯಿತು. ಇದಲ್ಲದೆ ಆಪ್‌ಗಳನ್ನು ಕಾಲಕಾಲಕ್ಕೆ ಅಪ್‌ಡೇಟ್ ಮಾಡುವುದು, ಫೋನಿನ ಜಾಗ ತುಂಬಿದ್ದರೆ ಖಾಲಿಮಾಡುವುದು, ಒಮ್ಮೆ ಆರಿಸಿ ಹೊತ್ತಿಸುವುದು, ಆಪಿನಲ್ಲಿ ತೆರೆಯದ ಲಿಂಕನ್ನು ಕಾಪಿ ಮಾಡಿ ಬ್ರೌಸರಿನಲ್ಲಿ ತೆರೆಯುವುದು, ಇವು ಎಲ್ಲರೂ ಮಾಡಬಹುದಾದ ಉಪಚಾರಗಳು.

ಇಷ್ಟು ಹೇಳಿದ ಮೇಲೆ ಒಂದು ಎಚ್ಚರಿಕೆಯನ್ನು ಹೇಳದಿದ್ದರೆ ಲೋಪವಾಗುವುದು. ತೆರೆಯದ ಲಿಂಕಿಗಿಂತ ತೆರೆಯಬಾರದ ಲಿಂಕು ಅಪಾಯಕರ. ನಮ್ಮ ರಾಯರು ದುಃಖದಲ್ಲಿದ್ದ ಆ ನಾಲ್ಕು ದಿನಗಳಲ್ಲಿಯೇ ಅಪರಿಚಿತ ಸಂಖ್ಯೆಯಿಂದ "ನಿಮ್ಮ ಮನೆಯ ಸಮಾರಂಭದ ವೀಡಿಯೋ ಇಲ್ಲಿದೆ, ಈ ಆಪನ್ನು ಹಾಕಿಕೊಳ್ಳಿರಿ" ಎಂಬ ಸಂದೇಶವು ಬಂದಿತ್ತು. ಕಾಕತಾಳೀಯವಾಗಿ ಬಂದ ಆ ಬಲೆಯಲ್ಲಿ ಅವರು ಬೀಳುವುದರಲ್ಲಿದ್ದರು. ಮೊಮ್ಮಗನನ್ನು ನೋಡುವ ಆಸೆಯು ಅಂತಹದು. ಮದುವೆಯ ಕರೆಯೋಲೆಯೆಂದು ಎಪಿಕೆ ಎಂಬ ಹೆಸರಿನ ಕಡತವನ್ನು ಕಳುಹಿಸಿ, ಅದನ್ನು ಹಾಕಿಕೊಂಡವರ ಹಣವನ್ನು ದೋಚುವ ಮೋಸವು ದೇಶದಲ್ಲೆಲ್ಲಾ ನಡೆದಿದೆ. ವೀಡಿಯೋ ನೋಡುವುದಕ್ಕೆ ಓಟಿಪಿ ಬೇಕಿಲ್ಲ, ಬ್ಯಾಂಕಿನ ವಿವರ ಬೇಕಿಲ್ಲ, ಕಂಡರಿಯದ ಆಪೂ ಬೇಕಿಲ್ಲ. ಇವುಗಳಲ್ಲಿ ಯಾವುದನ್ನು ಕೇಳಿದರೂ ಫೋನನ್ನು ಕೆಳಗಿಡಿರಿ. ಹಣ ಹೋದರೆ ನಾಚಿ ಕುಳಿತಿರದೆ ತತ್ಕ್ಷಣವೇ 1930 ಸಂಖ್ಯೆಗೆ ಕರೆಮಾಡತಕ್ಕದ್ದು. ಬೇಗ ತಿಳಿಸಿದಷ್ಟೂ ಹಣವನ್ನು ತಡೆಹಿಡಿಯುವ ಸಂಭವವು ಹೆಚ್ಚು.

ಕಳುಹಿಸುವ ಕಿರಿಯರಲ್ಲಿಯೂ ನಮ್ಮದೊಂದು ವಿಜ್ಞಾಪನೆ ಇದೆ. ಲಿಂಕನ್ನು ಕಳುಹಿಸುವ ಮುನ್ನ, ನಿಮ್ಮ ಖಾತೆಯಿಲ್ಲದ ಬೇರೊಬ್ಬರ ಫೋನಿನಲ್ಲಿ ಅದನ್ನು ತೆರೆದು ನೋಡಿರಿ. ನಿಮ್ಮ ಫೋನಿನಲ್ಲಿ ಅದು ಯಾವಾಗಲೂ ತೆರೆಯುವುದು. ಏಕೆಂದರೆ ಬೀಗದ ಕೈ ನಿಮ್ಮ ಸೊಂಟದಲ್ಲಿಯೇ ಇದೆ. ನೇರ ಪ್ರಸಾರವಾದರೆ ನಮ್ಮ ಊರಿನ ಗಂಟೆಯನ್ನು ಬರೆದು ತಿಳಿಸಿರಿ, ಹಿಂದಿನ ದಿನ ಎರಡು ನಿಮಿಷ ಪ್ರಯೋಗ ಮಾಡಿ ನೋಡಿರಿ. ಊಟಕ್ಕೆ ಕರೆದವನು ಎಲೆ ಹಾಕಿದೆಯೇ ಎಂದು ನೋಡುವುದಿಲ್ಲವೇ?

ಹಿರಿಯರಿಗೆ ನಾವು ಹೇಳುವುದು ಒಂದೇ ಮಾತು. ಪರದೆಯ ಮೇಲಿನ ಮಾತು ಯಂತ್ರದ ಮಾತು, ಮಕ್ಕಳ ಮಾತಲ್ಲ. ತೆರೆಯದಿದ್ದರೆ ಆಗಲೇ ಕರೆದು ಕೇಳಿರಿ.

ರಾಯರು ನಮ್ಮ ಜಗುಲಿಯಿಂದಲೇ ಮಗಳನ್ನು ಕರೆದರು. ಅಲ್ಲಿ ಅಪರಾತ್ರಿಯಾಗಿದ್ದರೂ ಅವಳು ಮೊದಲನೆಯ ಕರೆಗೇ ಓಗೊಟ್ಟಳು. ನಾಲ್ಕು ದಿನದಿಂದ ಅವಳೂ ನಿದ್ದೆಗೆಟ್ಟಿದ್ದಳೆಂದು ತೋರಿತು. ಅಳಿಯನು ಗುಂಡಿಯನ್ನು ತಿದ್ದಲು ಒಂದು ನಿಮಿಷವೂ ಹಿಡಿಯಲಿಲ್ಲ. ಅದೇ ಲಿಂಕು ತೆರೆಯಿತು. ಮುಂಡನವಾದ ತಲೆಯ ಹುಡುಗನು ಭಿಕ್ಷೆಯ ಪಾತ್ರೆಯನ್ನು ಹಿಡಿದು ನಿಂತಿದ್ದನು. ರಾಯರು ಕನ್ನಡಕವನ್ನು ಒರೆಸಿಕೊಂಡು ನಮ್ಮ ಮನೆಯವರ ಕಡೆಗೆ ತಿರುಗಿ, "ತಾಯೀ, ನಾಲ್ಕು ಕಾಳು ಅಕ್ಷತೆ ಇದ್ದರೆ ಕೊಡಿ" ಎಂದರು.