ಹಸಿರು ದೈತ್ಯನೊಳಗಿನ ಮಗ: ಆಂಗ್ ಲೀ ಅವರ ‘ಹಲ್ಕ್’ ಕುರಿತು

2003ರ ಜೂನ್ ತಿಂಗಳಲ್ಲಿ ಅಮೆರಿಕದಲ್ಲಿ ತೆರೆಕಂಡ ‘ಹಲ್ಕ್’ ಚಿತ್ರವು ಮೊದಲ ವಾರಾಂತ್ಯದಲ್ಲಿ ಸುಮಾರು 6.2 ಕೋಟಿ ಡಾಲರ್ ಗಳಿಸಿತಾದರೂ, ಮರುವಾರಾಂತ್ಯದ ಗಳಿಕೆ ಅದರ ಮೂರನೆಯ ಒಂದು ಭಾಗಕ್ಕಿಂತಲೂ ಕೆಳಗಿಳಿಯಿತು. ಸ್ಟ್ಯಾನ್ ಲೀ ಮತ್ತು ಜ್ಯಾಕ್ ಕರ್ಬಿ 1962ರಲ್ಲಿ ಮಾರ್ವೆಲ್ ಕಾಮಿಕ್ಸ್‌ಗಾಗಿ ಸೃಷ್ಟಿಸಿದ, ಕೋಪ ಬಂದಾಗ ಹಸಿರು ದೈತ್ಯನಾಗುವ ವಿಜ್ಞಾನಿ ಬ್ರೂಸ್ ಬ್ಯಾನರ್‌ನ ಕಥೆಯೆಂದರೆ ಭರ್ಜರಿ ಹೊಡೆದಾಟವೆಂದು ನಂಬಿ ಬಂದವರಿಗೆ, ದೈತ್ಯನ ದರ್ಶನಕ್ಕೇ ಬಹಳ ಹೊತ್ತು ಕಾಯಿಸಿ, ಬಾಲ್ಯದ ಗಾಯವೊಂದನ್ನು ನಿಧಾನವಾಗಿ ಬಿಚ್ಚುತ್ತಾ ಹೋಗುವ ಚಿತ್ರ ಎದುರಾಯಿತು.

ಆದರೆ ಆ ಗಾಯವೇ ಚಿತ್ರದ ನಿಜವಾದ ವಸ್ತುವಾಗಿದೆ. ತೈವಾನಿನಲ್ಲಿ ಹುಟ್ಟಿ ಬೆಳೆದ ನಿರ್ದೇಶಕ ಆಂಗ್ ಲೀ ಅವರು ‘ಪುಶಿಂಗ್ ಹ್ಯಾಂಡ್ಸ್’, ‘ದ ವೆಡ್ಡಿಂಗ್ ಬ್ಯಾಂಕ್ವೆಟ್’, ‘ಈಟ್ ಡ್ರಿಂಕ್ ಮ್ಯಾನ್ ವುಮನ್’ ಎಂಬ ತಮ್ಮ ಆರಂಭದ ಮೂರು ಚಿತ್ರಗಳಲ್ಲಿ ತಂದೆಯ ಅಧಿಕಾರ ಹಾಗೂ ಮಕ್ಕಳ ಅದುಮಿಟ್ಟ ಮಾತುಗಳನ್ನೇ ಶೋಧಿಸಿದ್ದರು. ‘ಹಲ್ಕ್’ನಲ್ಲಿ ತಂದೆ ತನ್ನ ದೇಹದ ಮೇಲೆಯೇ ನಡೆಸಿಕೊಂಡ ಪ್ರಯೋಗದ ಫಲ ಮಗನ ರಕ್ತದಲ್ಲಿ ಹರಿದುಬರುತ್ತದೆ; ಮಗನನ್ನು ಕೊಲ್ಲಹೊರಟ ಅವನ ಕೈಯಿಂದ ಅಡ್ಡಬಂದ ತಾಯಿ ಸಾಯುತ್ತಾಳೆ; ಆ ನೆನಪನ್ನು ಹೂತಿಟ್ಟುಕೊಂಡು ಬೆಳೆದವನಿಗೆ ಗಾಮಾ ವಿಕಿರಣ, ಅಂದರೆ ಪರಮಾಣು ಬೀಜದಿಂದ ಹೊಮ್ಮುವ ಅತಿ ಹೆಚ್ಚು ಶಕ್ತಿಯ ಕಿರಣ, ತಗುಲಿದಾಗ ಒಳಗಿದ್ದುದು ಹೊರಬರುತ್ತದೆ. ನಾಯಕಿ ಬೆಟ್ಟಿಗೂ ಸೇನಾಧಿಕಾರಿಯಾದ ತಂದೆಯೊಡನೆ ಸರಿಯಿಲ್ಲವೆಂಬುದು ಈ ದೃಷ್ಟಿಯಿಂದ ಕಾಕತಾಳೀಯವಲ್ಲ.

ಅಂದು ಹೆಚ್ಚು ಟೀಕೆಗೊಳಗಾದದ್ದು ಸಂಕಲನ. ಕಾಮಿಕ್ಸ್ ಪುಟದಲ್ಲಿ ಚೌಕಟ್ಟುಗಳು ಅಕ್ಕಪಕ್ಕ ಕೂಡುವಂತೆ, ಸಂಕಲನಕಾರ ಟಿಮ್ ಸ್ಕ್ವೈರ್ಸ್ ತೆರೆಯನ್ನು ಹಲವು ಭಾಗಗಳಾಗಿ ಸೀಳಿ, ಒಂದೇ ಘಟನೆಯನ್ನು ಏಕಕಾಲಕ್ಕೆ ಹಲವು ಕೋನಗಳಿಂದ ತೋರಿಸಿದರು. ಕೆಲವೆಡೆ ಈ ತಂತ್ರ ನಟರ ಮುಖದಿಂದ ಗಮನವನ್ನು ಕಸಿಯುತ್ತದೆಂಬುದು ನಿಜವಾದರೂ, ಕಾಮಿಕ್ಸ್‌ನಿಂದ ಕಥೆಯನ್ನಷ್ಟೇ ಎರವಲು ತಂದ ನಂತರದ ಅನೇಕ ಚಿತ್ರಗಳಲ್ಲಿ ಕಾಣದ ಧೈರ್ಯ ಇಲ್ಲಿದೆ.

ಗಣಕಯಂತ್ರದಲ್ಲಿ ರೂಪುಗೊಂಡ ಹಲ್ಕ್‌ನ ದೇಹವೂ ಮರುನೋಟಕ್ಕೆ ಅರ್ಹವಾದುದು. ನಟನ ಚಲನೆಯನ್ನು ದಾಖಲಿಸಿ ಕೃತಕ ದೇಹಕ್ಕೆ ಅಳವಡಿಸುವ ‘ಮೋಷನ್ ಕ್ಯಾಪ್ಚರ್’ ಉಡುಪನ್ನು ಆಂಗ್ ಲೀ ಸ್ವತಃ ಧರಿಸಿ ಅಭಿನಯಿಸಿದ್ದರು. ರಾತ್ರಿಯಲ್ಲಿ ನಾಯಿಗಳೊಡನೆ ನಡೆಯುವ ಕಾದಾಟ ಇಂದಿಗೂ ಮಸುಕಾಗಿಯೇ ಕಾಣುತ್ತದೆ. ಆದರೆ ಹಗಲಿನ ಮರುಭೂಮಿಯಲ್ಲಿ ಸೇನೆಯಿಂದ ತಪ್ಪಿಸಿಕೊಂಡು ಮೈಲಿಗಟ್ಟಲೆ ನೆಗೆಯುವ ದೈತ್ಯನ ಮುಖಕ್ಕೆ ಗಾಳಿ ಬಡಿದು ಕ್ಷಣಕಾಲ ಕೋಪವೇ ಕರಗಿಹೋಗುವ ದೃಶ್ಯಕ್ಕೆ ಸೂಪರ್‌ಹೀರೋ ಚಿತ್ರಗಳಲ್ಲಿ ಸಾಟಿ ಅಪರೂಪ.

ಮಾರ್ವೆಲ್ ಸಂಸ್ಥೆ 2008ರಲ್ಲಿ ಬೇರೆ ನಟನೊಂದಿಗೆ ಹಲ್ಕ್‌ನ ಕಥೆಯನ್ನು ಹೊಸದಾಗಿ ಆರಂಭಿಸಿ, ಒಂದು ಚಿತ್ರ ಇನ್ನೊಂದಕ್ಕೆ ಕೊಂಡಿಯಾಗುವ ಸರಣಿಯೊಳಗೆ ಅವನನ್ನು ಸೇರಿಸಿತು. ಮುಂದಿನ ಚಿತ್ರಕ್ಕೆ ಪೀಠಿಕೆಯಾಗುವ ಹೊರೆಯಿಲ್ಲದ 2003ರ ಚಿತ್ರವಾದರೋ ತಂದೆಯನ್ನೂ ಮಗನನ್ನೂ ಪ್ರಖರ ದೀಪಗಳ ಕೆಳಗೆ ಎದುರುಬದುರು ಕೂರಿಸಿ, ರಂಗನಾಟಕದಂತೆ ಮಾತಿಗೆ ಬಿಡುತ್ತದೆ. ತಂದೆಯ ಪಾತ್ರದ ನಿಕ್ ನಾಲ್ಟಿಯವರ ಅಬ್ಬರಕ್ಕೂ ಮಗನ ಪಾತ್ರದ ಎರಿಕ್ ಬಾನಾ ಅವರ ಬಿಗಿಹಿಡಿದ ದುಃಖಕ್ಕೂ ನಡುವೆ ಏಳುವ ಆ ಘರ್ಷಣೆಯೇ ಚಿತ್ರದ ಶಿಖರವಾಗಿದ್ದು, ಅದರ ಬೆನ್ನಿಗೆ ಸರೋವರದ ಕತ್ತಲಲ್ಲಿ ನಡೆಯುವ ಅಸ್ಪಷ್ಟ ಯುದ್ಧವನ್ನು ಕೈಬಿಟ್ಟಿದ್ದರೂ ಕಥೆಗೆ ಯಾವ ಕೊರತೆಯೂ ಆಗುತ್ತಿರಲಿಲ್ಲ.