ತಮಟೆಯವನ ವೃತ್ತಿ

ತಿರುಮಕೂಡಲು ನರಸೀಪುರದ ಹೆಸರು ಕಿವಿಗೆ ಬಿದ್ದೊಡನೆ ಸಂಗೀತಪ್ರಿಯರಿಗೆ ಪಿಟೀಲು ಚೌಡಯ್ಯನವರ ನೆನಪಾಗುವುದು ಸಹಜ. 1895ರಲ್ಲಿ ತಿರುಮಕೂಡಲಿನಲ್ಲಿ ಜನಿಸಿದ ಆ ವಿದ್ವಾಂಸರು, ಸಭೆಯ ಹಿಂದಿನ ಸಾಲಿನವರಿಗೂ ನಾದ ಮುಟ್ಟಬೇಕೆಂದು ನಾಲ್ಕು ತಂತಿಗಳ ವಾದ್ಯಕ್ಕೆ ಇನ್ನು ಮೂರನ್ನು ಕೂಡಿಸಿದರು. ಅದೇ ಸೀಮೆಯ ಬೇರೊಂದು ವಾದ್ಯಕ್ಕೆ ಈ ಚಿಂತೆ ಎಂದೂ ಇರಲಿಲ್ಲ. ನಂಜನಗೂಡಿನಿಂದ ಕೂಡಲಿನವರೆಗೆ ಕಪಿಲೆಯ ಇಕ್ಕೆಲದ ಊರುಗಳಲ್ಲಿ ಮಾರಿಹಬ್ಬಕ್ಕೂ ಶವಯಾತ್ರೆಗೂ ಡಂಗುರಕ್ಕೂ ಬಳಕೆಯಾಗುತ್ತ ಬಂದ ತಮಟೆಯೇ ಅದು.

ತಮಟೆಯ ರಚನೆ ಸರಳವಾದುದು. ದುಂಡನೆಯ ಬಳೆಗೆ ಒಂದೇ ಮುಖದಲ್ಲಿ ಚರ್ಮವನ್ನು ಬಿಗಿದಿರುತ್ತಾರೆ. ಒಂದು ಕೈಯಲ್ಲಿ ಗಿಡ್ಡನೆಯ ದಪ್ಪ ಕೋಲು, ಇನ್ನೊಂದರಲ್ಲಿ ನೀಳವಾದ ತೆಳು ಕಡ್ಡಿ. ಬಾರಿಸುವ ಮೊದಲು ಹುಲ್ಲಿನ ಉರಿಗೆ ಹಿಡಿದು ಕಾಯಿಸುತ್ತಾರೆ. ತೇವವು ಆರಿ ಚರ್ಮ ಬಿಗಿಯುತ್ತದೆ, ಶ್ರುತಿ ಏರುತ್ತದೆ. ಸ್ವಲ್ಪ ಹೊತ್ತಿನಲ್ಲಿ ಮತ್ತೆ ಸಡಿಲವಾಗುವುದರಿಂದ ಮೆರವಣಿಗೆಯ ನಡುವೆಯೂ ಬೆಂಕಿ ಬೇಕಾಗುತ್ತದೆ.

ಇದರ ಧ್ವನಿ ಕೇಳಿದವರ ಎದೆ ಝಲ್ಲೆನ್ನುವುದೇಕೆ? ಸಮನಾದ ದುಂಡು ಪೊರೆಯೊಂದು ಕಂಪಿಸುವಾಗ ಮೂಲಸ್ವರದೊಡನೆ ಹುಟ್ಟುವ ಉಪಸ್ವರಗಳು ಅದರ ಸುಮಾರು 1.59, 2.14, 2.30 ಪಟ್ಟು ಇರುತ್ತವೆ. ಪೂರ್ಣಾಂಕಗಳಲ್ಲವಾದ್ದರಿಂದ ಕಿವಿಗೆ ಒಂದು ನಿಶ್ಚಿತ ಸ್ವರವೆನಿಸುವುದಿಲ್ಲ. ಮೃದಂಗದ ಬಲಮುಖದ ಕರಣೆಯು ಈ ಉಪಸ್ವರಗಳನ್ನು ಪೂರ್ಣಾಂಕದ ಸಮೀಪಕ್ಕೆ ತರುತ್ತದೆಂದು ಸಿ. ವಿ. ರಾಮನ್ನರು ಸಹೋದ್ಯೋಗಿಯೊಬ್ಬರೊಡನೆ 1920ರಷ್ಟು ಹಿಂದೆಯೇ ತೋರಿಸಿದರು. ತಮಟೆಗೆ ಕರಣೆಯಿಲ್ಲ. ಅದರ ಬಿರುಸು ವಾದ್ಯದ ಕೊರತೆಯಲ್ಲ, ವಾದ್ಯದ ಉದ್ದೇಶವೇ ಎಂದು ನಾವು ಭಾವಿಸುತ್ತೇವೆ. ಮಾರಿಯನ್ನು ಎಬ್ಬಿಸುವುದಕ್ಕೂ ಸಾವನ್ನು ಸಾರುವುದಕ್ಕೂ ಇಂಪು ಬೇಕಿಲ್ಲ.

ಭಯವನ್ನೇ ರಸವಾಗಿ ಮಾಡಿಕೊಂಡ ವಾದ್ಯಗಾರಿಕೆ ಅನ್ಯದೇಶಗಳಲ್ಲಿಯೂ ಉಂಟು. 1977ರಲ್ಲಿ ಅಮೆರಿಕದ ನ್ಯೂಜೆರ್ಸಿಯ ಲೋಡಿಯಲ್ಲಿ ಹುಟ್ಟಿದ ಮಿಸ್‌ಫಿಟ್ಸ್ ತಂಡವು ಭಯಾನಕ ಚಲಚ್ಚಿತ್ರಗಳ ಸಾಮಗ್ರಿಯನ್ನು ಅಬ್ಬರದ ಪಂಕ್ ಸಂಗೀತಕ್ಕೆ ಬೆಸೆದು, ಹಾರರ್ ಪಂಕ್ ಎಂಬ ಪ್ರಕಾರಕ್ಕೆ ಮೂಲವಾಯಿತು. ಅಲ್ಲಿ ಮಸಣವು ರಂಗದ ಅಲಂಕಾರ. ನಮ್ಮ ತಮಟೆಯವನಾದರೋ ನಿಜವಾದ ಮಸಣಕ್ಕೆ ಹೆಣದ ಮುಂದೆ ನಡೆದವನು, ಅದೂ ಹಲವು ವೇಳೆ ತನ್ನ ಇಚ್ಛೆಯಿಂದಲ್ಲ.

ವಿಚಾರದ ತಿರುಳು ಇಲ್ಲಿದೆ. ತಮಟೆ ಬಾರಿಸುವುದು ದಲಿತ ಕೇರಿಗಳ ಮೇಲೆ ಹುಟ್ಟಿನಿಂದ ಬಿದ್ದ ಹೊಣೆಯಾಗಿತ್ತು. ಪ್ರತಿಫಲವೆಂದರೆ ಕಣದಲ್ಲಿ ಸಿಗುವ ಕಾಳು, ಹಬ್ಬದ ಅನ್ನ. ತೋಟಿ, ತಳವಾರರಂಥ ವಂಶಪಾರಂಪರ್ಯದ ಗ್ರಾಮಸೇವೆಗಳನ್ನು ಮೈಸೂರು ರಾಜ್ಯದ 1961ರ ಕಾನೂನು ರದ್ದುಪಡಿಸಿತು. ಹಬ್ಬದ ಮತ್ತು ಸಾವಿನ ಸೇವೆ ಮಾತ್ರ ರೂಢಿಯ ಬಲದಿಂದ ಮುಂದುವರಿಯಿತು. 1970ರ ದಶಕದಲ್ಲಿ ದಲಿತ ಸಂಘರ್ಷ ಸಮಿತಿ ಹುಟ್ಟಿದಾಗ ಅದರ ಪ್ರಮುಖರಲ್ಲೊಬ್ಬರು ನಂಜನಗೂಡು ತಾಲ್ಲೂಕಿನ ದೇವನೂರಿನ ಮಹಾದೇವರು. ಬಿಟ್ಟಿಯಾಗಿ ತಮಟೆ ಬಡಿಯಲಾರೆವೆಂಬ ನಿಲುವು ಕೇರಿಗಳಲ್ಲಿ ಬಲಿತದ್ದು ಈ ಚಳವಳಿಯ ಕಾಲದಲ್ಲಿ. ಆಶ್ಚರ್ಯವೆಂದರೆ, ಚಳವಳಿಯ ಮೆರವಣಿಗೆಗಳಲ್ಲಿ ಹೋರಾಟದ ಹಾಡುಗಳೊಡನೆ ಮೊಳಗಿದ್ದೂ ಅದೇ ತಮಟೆ. ಬಡಿಯಲೊಲ್ಲೆನೆಂಬುದೂ ಬಡಿಯುವೆನೆಂಬುದೂ ಒಂದೇ ಸ್ವಾಭಿಮಾನದ ಎರಡು ಮಾತುಗಳು. ಇವುಗಳಲ್ಲಿ ವಿರೋಧವಿದೆಯೆಂದು ನಮಗೆ ತೋರುವುದಿಲ್ಲ. ಆದರೆ ಕೇರಿಗಳೊಳಗೆ ಈ ವಾದ ಇನ್ನೂ ತೀರ್ಮಾನವಾಗಿಲ್ಲ.

ಮನ್ನಣೆ ತಡವಾಗಿ ಬಂದಿತು. 2023ರಲ್ಲಿ ಚಿಕ್ಕಬಳ್ಳಾಪುರ ಜಿಲ್ಲೆಯ ತಮಟೆ ಕಲಾವಿದರಾದ ಮುನಿವೆಂಕಟಪ್ಪನವರಿಗೆ ಪದ್ಮಶ್ರೀ ಸಂದಿತು. ಚೌಡಯ್ಯನವರ ಸ್ಮರಣೆಗೆ ಬೆಂಗಳೂರಿನಲ್ಲಿ ಪಿಟೀಲಿನ ಆಕಾರದ ಭವನವೇ ಇದೆ. ಅವರ ಹುಟ್ಟೂರಿನ ಸುತ್ತ ತಮಟೆ ಬಾರಿಸಿ ಬಾಳಿದವರ ಹೆಸರುಗಳು ಬರವಣಿಗೆಗೂ ಇಳಿದಿಲ್ಲ. ವಿದ್ಯಾರ್ಥಿಗಳು ಕ್ಷೇತ್ರಕಾರ್ಯಕ್ಕೆ ಹೋದಾಗ ಪೆಟ್ಟುಗಳನ್ನಷ್ಟೇ ದಾಖಲಿಸದೆ, ಬಾರಿಸಿದವರ ಹೆಸರನ್ನೂ ಕೂಲಿಯ ಮೊತ್ತವನ್ನೂ ಅವರ ಒಪ್ಪಿಗೆ ಪಡೆದು ಬರೆದುಕೊಳ್ಳಬೇಕು.

ಈಚೆಗೆ ಲೋಹದ ಬಳೆಗೆ ಕೃತಕ ಪೊರೆ ಬಿಗಿದ ತಮಟೆಗಳು ಬಳಕೆಗೆ ಬಂದಿವೆ. ಅವಕ್ಕೆ ಬೆಂಕಿಯ ಹಂಗಿಲ್ಲ, ಮಳೆಯ ಭಯವಿಲ್ಲ. ಧ್ವನಿ ಮಾತ್ರ ತುಸು ತೆಳುವಾಯಿತೆಂದು ನಮ್ಮ ಕಿವಿಗೆ ತೋರುತ್ತದೆ.