ಹೈದರ್: ಒಂದು ಹೆಸರಿನ ಹುಟ್ಟು ಮತ್ತು ಹರವು

ಸಿಂಹವನ್ನು ಸೂಚಿಸುವ ಪದಗಳು ಅರಬ್ಬೀ ಭಾಷೆಯಲ್ಲಿ ಹೇರಳವಾಗಿದ್ದು, 10ನೆಯ ಶತಮಾನದಲ್ಲಿ ಅಲೆಪ್ಪೊ ನಗರದಲ್ಲಿದ್ದ ವೈಯಾಕರಣ ಇಬ್ನ್ ಖಾಲವೈಹಿ ಅಂಥ 500 ಪದಗಳನ್ನು ಕಲೆಹಾಕಿದ್ದನೆಂಬ ಪ್ರತೀತಿಯಿದೆ. ಅವುಗಳಲ್ಲಿ ‘ಅಸದ್’ ಎಂಬುದು ದಿನಬಳಕೆಯ ಪದ. ಉಳಿದವುಗಳಲ್ಲಿ ಹಲವು, ಸಿಂಹವನ್ನು ಕೇಸರವುಳ್ಳದ್ದೆಂಬ ಕಾರಣಕ್ಕೆ ‘ಕೇಸರಿ’ ಎಂದು ಕರೆದಂತೆ, ಪ್ರಾಣಿಯ ಒಂದೊಂದು ಲಕ್ಷಣವನ್ನು ಹಿಡಿದು ಹುಟ್ಟಿದ ವಿಶೇಷಣಗಳು. ಹುಬ್ಬು ಗಂಟಿಕ್ಕಿದ್ದೆಂಬ ಅರ್ಥದ ‘ಅಬ್ಬಾಸ್’ ಆ ಬಗೆಯದು, ‘ಹೈದರ್’ ಕೂಡ ಅದೇ ಬಗೆಯದು.

ಅರಬ್ಬೀ ಪದಗಳಿಗೆ ಸಾಮಾನ್ಯವಾಗಿ ಮೂರು ವ್ಯಂಜನಗಳ ಧಾತು ಆಧಾರವಾಗಿರುತ್ತದೆ. ಆ ವ್ಯಂಜನಗಳ ನಡುವೆ ನಿಯತವಾದ ಸ್ವರಗಳನ್ನು ಸೇರಿಸುವ ಮಾದರಿಗಳಿಂದ ಬೇರೆಬೇರೆ ಪದಗಳು ಸಿದ್ಧವಾಗುತ್ತವೆ. ‘ಬೇರ್ಪಡಿಸು’ ಎಂಬರ್ಥದ ಫ-ಸ-ಲ ಧಾತುವಿನಿಂದ, ನ್ಯಾಯಾನ್ಯಾಯಗಳನ್ನು ಬೇರ್ಪಡಿಸಿ ತೀರ್ಪು ಕೊಡುವವನು ಎಂಬರ್ಥದ ‘ಫೈಸಲ್’ ಹುಟ್ಟಿದ ಮಾದರಿಯಲ್ಲಿಯೇ ಹ-ದ-ರ ಧಾತುವಿನಿಂದ ‘ಹೈದರ್’ ಹುಟ್ಟಿದೆ. ಈ ಧಾತುವಿಗೆ ಇಳಿಜಾರಿನಲ್ಲಿ ಇಳಿಯುವುದು ಎಂಬ ಅರ್ಥವೂ ಮೈತುಂಬಿ ದಪ್ಪವಾಗುವುದು ಎಂಬ ಅರ್ಥವೂ ಉಂಟು. ಹಳೆಯ ನಿಘಂಟುಕಾರರು ಎರಡನೆಯದನ್ನು ಹಿಡಿದು, ದಪ್ಪ ಕತ್ತು ಮತ್ತು ಬಲಿಷ್ಠ ಮುಂಗಾಲುಗಳ ಕಾರಣದಿಂದ ಸಿಂಹಕ್ಕೆ ಈ ಹೆಸರು ಬಂತೆಂದು ವಿವರಿಸಿದರು. ಈ ವಿವರಣೆ ಸಹಜವಾಗಿಯೇ ತೋರುತ್ತದೆ.

ಆದರೆ ಹೆಸರು ಹಬ್ಬಿದ್ದು ನಿಘಂಟಿನ ಬಲದಿಂದಲ್ಲ, ಪ್ರವಾದಿ ಮುಹಮ್ಮದರ ಅಳಿಯ ಅಲಿಯವರ ಕಾರಣದಿಂದ. ಅಲಿಯವರ ತಾಯಿ ಫಾತಿಮಾ ಅವರ ತಂದೆಯ ಹೆಸರು ಅಸದ್. ಆಕೆ ತನ್ನ ತಂದೆಯ ಹೆಸರಿನ ಅರ್ಥವನ್ನೇ ಉಳಿಸಿಕೊಂಡು ಮಗನನ್ನು ಹೈದರ್ ಎಂದು ಕರೆದರೆಂದೂ, 628ರ ಖೈಬರ್ ಕಾಳಗದಲ್ಲಿ ಅಲಿಯವರು ಎದುರಾಳಿಯ ಮುಂದೆ ತಮ್ಮನ್ನು ಆ ಹೆಸರಿನಿಂದಲೇ ಪರಿಚಯಿಸಿಕೊಂಡರೆಂದೂ ಸಂಪ್ರದಾಯ ಹೇಳುತ್ತದೆ. ಮುಂದೆ ಮಕ್ಕಳಿಗೆ ಈ ಹೆಸರಿಟ್ಟ ಬಹಳಷ್ಟು ಮಂದಿಯ ಮನಸ್ಸಿನಲ್ಲಿದ್ದುದು ಸಿಂಹಕ್ಕಿಂತ ಹೆಚ್ಚಾಗಿ ಅಲಿಯವರೇ.

ಭಾರತಕ್ಕೆ ಈ ಹೆಸರು ಬಹುಮಟ್ಟಿಗೆ ಪಾರಸಿಯ ಮೂಲಕ ಬಂದುದರಿಂದ, ಗಂಟಲನ್ನು ಬಿಗಿದು ಉಚ್ಚರಿಸುವ ಅರಬ್ಬೀ ಹಕಾರ ದಾರಿಯಲ್ಲಿಯೇ ಕಳೆದು ಸಾಮಾನ್ಯ ‘ಹ’ ಉಳಿಯಿತು. ಶಿಯಾ ಪಂಥದ ಕುತುಬ್ ಶಾಹಿ ಅರಸರು 1591ರಲ್ಲಿ ಕಟ್ಟಿದ ಹೈದರಾಬಾದಿನ ಹೆಸರಿನಲ್ಲಿ ಇದು ನೆಲೆಸಿದೆ. ಮೈಸೂರಿನ ಹೈದರ್ ಅಲಿಯ ಹೆಸರಿನಲ್ಲಂತೂ ಒಬ್ಬರೇ ವ್ಯಕ್ತಿಯ ಎರಡು ಹೆಸರುಗಳು ಕೂಡಿವೆ. 1763ರಲ್ಲಿ ಬಿದನೂರನ್ನು ಗೆದ್ದ ಬಳಿಕ ಅವನು ಹೊರಡಿಸಿದ ಚಿನ್ನದ ವರಹಗಳ ಒಂದು ಮುಖದಲ್ಲಿ ಇಕ್ಕೇರಿ ನಾಯಕರ ಕಾಲದಂತೆಯೇ ಶಿವ-ಪಾರ್ವತಿಯರು ಕುಳಿತಿದ್ದು, ಇನ್ನೊಂದು ಮುಖದಲ್ಲಿ ಸಣ್ಣ ಚುಕ್ಕೆಗಳ ನಡುವೆ ಅವನ ಹೆಸರಿನ ಮೊದಲ ಅರಬ್ಬೀ ಅಕ್ಷರವೊಂದೇ ಇದೆ. ಟಿಪ್ಪು ಸುಲ್ತಾನನೂ ತನ್ನ ನಾಣ್ಯಗಳಲ್ಲಿ ತಂದೆಯ ಆ ಅಕ್ಷರವನ್ನು ಮುಂದುವರಿಸಿದನು.